ಜೋಳದ ನುಚ್ಚು ಹಾಕಿದ ಪುಂಡಿಪಲ್ಯ: ನಮ್ಮ ಅಕ್ಕಲಕೋಟೆ ಕಡೆಯ ಪದ್ಧತಿ

ಪುಂಡಿ ಅನ್ನುವ ಹುಳಿ ಸೊಪ್ಪಿನ ಪಲ್ಯಕ್ಕೆ ಜೋಳದ ನುಚ್ಚು, ಅಂದರೆ ಒಡೆದ ಜೋಳ, ಬೇಕೇ ಬೇಕು. ಈಚೆಗೆ ಕೆಲವರು ನುಚ್ಚಿನ ಬದಲು ಕಡಲೆಹಿಟ್ಟು ಕದಡಿ ಹಾಕುತ್ತಾರೆ. ಇನ್ನು ಕೆಲವರು ಬರೀ ಬೇಳೆಯಲ್ಲೇ ಮುಗಿಸುತ್ತಾರೆ. ಅದು ಹುಳಿಸೊಪ್ಪಿನ ಸಾರು ಆಗುತ್ತದೆ ಅಷ್ಟೇ. ಮಹಾರಾಷ್ಟ್ರದ ಸೋಲಾಪುರ ಜಿಲ್ಲೆಯ ನಮ್ಮ ಅಕ್ಕಲಕೋಟೆ ತಾಲೂಕಿನ ಮನೆಗಳಲ್ಲಿ ನುಚ್ಚು, ಬೇಳೆ, ಸೊಪ್ಪು ಮೂರೂ ಕೂಡಿದರೇ ಪುಂಡಿಪಲ್ಯ. ಹೊಲಕ್ಕೆ ಹೋಗುವವರು ಬೆಳಿಗ್ಗೆ ಇದನ್ನು ರೊಟ್ಟಿಯ ಜೊತೆ ಉಂಡು ಹೋದರೆ ಮಧ್ಯಾಹ್ನದ ತನಕ ಹೊಟ್ಟೆ ಗಟ್ಟಿ ಇರುತ್ತದೆ. ಪುಣೆ, ಮುಂಬಯಿಯಲ್ಲಿ ರೂಮು ಮಾಡಿಕೊಂಡಿರುವ ನಮ್ಮ ಕಡೆಯ ಮಕ್ಕಳಿಗೂ ಇದು ಬರಬೇಕು ಅಂತ ನನ್ನ ಆಸೆ. ಅವರ ಒಂದೇ ಒಲೆಯ ಅಡುಗೆಮನೆಯಲ್ಲೂ ಆಗುವ ಹಾಗೆ ಹೇಳುತ್ತೇನೆ.

ಮೊದಲು ನುಚ್ಚು. ನಮ್ಮ ಎರೆ ಹೊಲಗಳಲ್ಲಿ ಬೆಳೆಯುವುದು ಹಿಂಗಾರಿ ಜೋಳ, ಅದರಲ್ಲೂ ಮಾಲದಂಡಿ ತಳಿ. ಪಕ್ಕದ ಮಂಗಳವೇಢೆಯ ಜೋಳಕ್ಕೆ 2016ರಲ್ಲಿ ಜಿಐ ಗುರುತೂ (ಆಯಾ ಊರಿನ ವಿಶೇಷ ಬೆಳೆಗೆ ಕೊಡುವ ಮಾನ್ಯತೆ) ಸಿಕ್ಕಿದೆ. ಮಾಲದಂಡಿ ನುಚ್ಚು ಬೆಂದರೆ ಮೆತ್ತಗಾಗುತ್ತದೆ, ಆದರೆ ಕರಗಿ ಗಂಜಿಯಾಗುವುದಿಲ್ಲ. ಹಲ್ಲಿಗೆ ಒಂದಿಷ್ಟು ಸಿಗುತ್ತದೆ. ಗಿರಣಿಯಲ್ಲಿ ‘ನುಚ್ಚು ಒಡೆದು ಕೊಡಿ’ ಅಂದರೆ ಕಲ್ಲು ಸಡಿಲಿಸಿ ಒಡೆದು ಕೊಡುತ್ತಾರೆ. ಗಿರಣಿ ಇಲ್ಲದ ಕಡೆ ಮಿಕ್ಸಿ ಸಾಕು. ಜೋಳಕ್ಕೆ ಸ್ವಲ್ಪ ನೀರು ಚಿಮುಕಿಸಿ, ಹತ್ತು ನಿಮಿಷ ಬಿಟ್ಟು, ಒಂದೊಂದು ಹಿಡಿಯಷ್ಟೇ ಹಾಕಿ ತಿರುಗಿಸಿ ನಿಲ್ಲಿಸಿ, ತಿರುಗಿಸಿ ನಿಲ್ಲಿಸಿ. ಒಂದೇ ಸಮ ಓಡಿಸಿದರೆ ಅರ್ಧ ಹಿಟ್ಟಾಗಿ ಹೋಗುತ್ತದೆ. ಆಮೇಲೆ ಜರಡಿ ಹಿಡಿಯಿರಿ. ಕೆಳಗೆ ಬಿದ್ದ ಹಿಟ್ಟು ಅಂಬಲಿಗೆ. ಮೇಲೆ ಉಳಿದದ್ದನ್ನು ಮೊರದಲ್ಲಿ ಕೇರಿದರೆ ತೌಡು ಹಾರಿ ಹೋಗುತ್ತದೆ. ಗೋಧಿ ರವೆಗಿಂತ ಸ್ವಲ್ಪ ದಪ್ಪ ಇರುವ ನುಚ್ಚು ಪಲ್ಯಕ್ಕೆ. ಅದಕ್ಕಿಂತ ದಪ್ಪದ್ದನ್ನು ಬೇರೆ ತೆಗೆದಿಡಿ, ಬೇಯಿಸಿ ಮಜ್ಜಿಗೆ ಹಾಕಿಕೊಂಡು ಉಣ್ಣಬಹುದು. ಒಡೆದ ಜೋಳ ಹೆಚ್ಚು ದಿನ ಇಟ್ಟರೆ ಕಮಟು ವಾಸನೆ ಬರುತ್ತದೆ. ಎರಡು ವಾರಕ್ಕೆ ಸಾಕಾಗುವಷ್ಟೇ ಒಡೆಸಿ.

ಇನ್ನು ಸೊಪ್ಪು. ಸೋಲಾಪುರ, ಪುಣೆಯ ಮಂಡಿಯಲ್ಲಿ ಪುಂಡಿಯನ್ನು ಅಂಬಾಡಿ ಅಂತ ಕೇಳಿ. ಕೆಂಪು ದಂಟಿನದು ಹುಳಿ ಜಾಸ್ತಿ, ಹಸಿರು ದಂಟಿನದು ಸ್ವಲ್ಪ ಕಡಿಮೆ. ಎಲೆ ಮಾತ್ರ ಬಿಡಿಸಿಕೊಳ್ಳಿ. ದಂಟು ಒಂದೂ ಬೇಡ. ಹಗ್ಗ ಹೊಸೆಯುವ ನಾರು ಅದೇ ದಂಟಿನದು, ಎಷ್ಟು ಬೇಯಿಸಿದರೂ ಬೇಯುವುದಿಲ್ಲ. ಮಳೆಗಾಲದಲ್ಲಿ ಎಲೆಯ ಬೆನ್ನಿಗೆ ಎರೆಮಣ್ಣು ಅಂಟಿರುತ್ತದೆ, ನೀರು ತಿಳಿಯಾಗುವ ತನಕ ತೊಳೆಯಿರಿ.

ನಾಲ್ಕು ಜನರಿಗೆ ಅಳತೆ ಹೀಗೆ: ಬಿಡಿಸಿದ ಎಲೆ ಸುಮಾರು 250 ಗ್ರಾಂ, ನುಚ್ಚು ಅರ್ಧ ಬಟ್ಟಲು, ತೊಗರಿಬೇಳೆ ಅರ್ಧ ಬಟ್ಟಲು, ಶೇಂಗಾ ಒಂದು ಹಿಡಿ, ಹಸಿಮೆಣಸಿನಕಾಯಿ ಆರೇಳು, ಬೆಳ್ಳುಳ್ಳಿ ಒಂದು ಗಡ್ಡೆ. ಬೇಳೆಯಲ್ಲಿ ಕೈ ಹಿಡಿಯಬೇಡಿ. 100 ಗ್ರಾಂ ಜೋಳದಲ್ಲಿ ಸುಮಾರು 10 ಗ್ರಾಂ ಪ್ರೋಟೀನ್ ಇರುತ್ತದೆ, ಆದರೆ ಅದರಲ್ಲಿ ಲೈಸಿನ್ ಅನ್ನುವ ಅಂಶ ಕಡಿಮೆ. ತೊಗರಿಬೇಳೆಯಲ್ಲಿ ಅದು ಚೆನ್ನಾಗಿದೆ. ಎರಡೂ ಕೂಡಿದರೆ ಒಂದರ ಕೊರತೆ ಇನ್ನೊಂದು ತುಂಬುತ್ತದೆ. ನಮ್ಮ ಹಿರಿಯರಿಗೆ ಲೈಸಿನ್ ಹೆಸರು ಗೊತ್ತಿರಲಿಲ್ಲ, ಆದರೂ ಈ ಜೋಡಿಯನ್ನು ಎಂದೂ ಬಿಡಲಿಲ್ಲ.

ನುಚ್ಚು ಮತ್ತು ಬೇಳೆಯನ್ನು ತೊಳೆದು ಅರ್ಧ ಗಂಟೆ ನೆನೆಸಿ. ಶೇಂಗಾ, ಚಿಟಿಕೆ ಅರಿಶಿಣ, ಒಂದು ಚಮಚ ಎಣ್ಣೆ, ನಾಲ್ಕು ಬಟ್ಟಲು ನೀರು ಸೇರಿಸಿ ಕುಕ್ಕರಿನಲ್ಲಿ ನಾಲ್ಕೈದು ಸೀಟಿ ಕೂಗಿಸಿ.

ಸೊಪ್ಪನ್ನು ಮಾತ್ರ ಇದರ ಜೊತೆ ಹಾಕಬೇಡಿ. ಎಲ್ಲರೂ ಎಡವುವುದು ಇಲ್ಲೇ. ಹುಳಿ ಸೇರಿದರೆ ಬೇಳೆ ಬೇಯುವುದಿಲ್ಲ, ಎಷ್ಟು ಸೀಟಿ ಕೂಗಿಸಿದರೂ ಗಟ್ಟಿಯಾಗೇ ಉಳಿಯುತ್ತದೆ. ಬೇಳೆ ಪೂರ್ತಿ ಬೆಂದ ಮೇಲೇ ಹುಳಿಯ ಸರದಿ. ಸೊಪ್ಪನ್ನು ಬೇರೆ ಪಾತ್ರೆಯಲ್ಲಿ ಮೆಣಸಿನಕಾಯಿ, ಒಂದು ಬಟ್ಟಲು ನೀರಿನ ಜೊತೆ ಬೇಯಿಸಿ. ಸ್ಟೀಲು ಅಥವಾ ಮಣ್ಣಿನ ಗಡಿಗೆ ಒಳ್ಳೆಯದು. ಅಲ್ಯುಮಿನಿಯಂ ಬೇಡ, ಕಲಾಯಿ ಇಲ್ಲದ ಹಿತ್ತಾಳೆ ಬೋಗಾಣಿಯಂತೂ ಬೇಡವೇ ಬೇಡ. ಹುಳಿ ಅದನ್ನು ತಿನ್ನುತ್ತದೆ. ಏಳೆಂಟು ನಿಮಿಷದಲ್ಲಿ ಎಲೆಯ ಹಸಿರು ಹೋಗಿ ಪಾಚಿ ಬಣ್ಣಕ್ಕೆ ತಿರುಗುತ್ತದೆ, ಬೆರಳಲ್ಲಿ ಒತ್ತಿದರೆ ಜಾರುತ್ತದೆ. ಹುಳಿ ತಡೆಯದವರು ಆ ನೀರನ್ನು ಅರ್ಧ ಬಸಿದು ಚೆಲ್ಲಿ. ಪುಂಡಿಯಲ್ಲಿ ಕಲ್ಲು ಕಟ್ಟಲು ಕಾರಣವಾಗಬಲ್ಲ ಆಕ್ಸಲೇಟ್ ಅಂಶ ಜಾಸ್ತಿ, ಹಾಗಾಗಿ ಮೂತ್ರಪಿಂಡದ ಕಲ್ಲಿನ ತೊಂದರೆ ಇರುವವರು ವೈದ್ಯರನ್ನು ಕೇಳಿಯೇ ತಿನ್ನಬೇಕು.

ಈಗ ಸೊಪ್ಪು ಮೆಣಸಿನಕಾಯಿಯನ್ನು ಕಡಗೋಲಿನಿಂದ ಮಸೆಯಿರಿ. ಮಿಕ್ಸಿಗೆ ಹಾಕಿದರೆ ನಾರುನಾರಾದ ಸೊಗಸು ಹೋಗಿ ಚಟ್ನಿಯಾಗುತ್ತದೆ. ಬೇಳೆ ನುಚ್ಚಿಗೆ ಸೇರಿಸಿ, ಉಪ್ಪು ಹಾಕಿ, ಸಣ್ಣ ಉರಿಯಲ್ಲಿ ಹತ್ತು ನಿಮಿಷ ಕುದಿಸಿ. ಪಕ್ಕದಲ್ಲೇ ನಿಲ್ಲಿ, ಏಕೆಂದರೆ ನುಚ್ಚು ತಳ ಹಿಡಿಯುತ್ತದೆ. ಕುದಿಯುವಾಗ ಮೊದಲು ನೀರಿನ ಗುಳ್ಳೆ ಏಳುತ್ತದೆ. ಆಮೇಲೆ ಗುಳ್ಳೆ ದಪ್ಪವಾಗಿ ‘ಪಟಕ್’ ಅಂತ ಒಡೆದು ಕೈಗೆ ಸಿಡಿಯುತ್ತದೆ. ಹದ ಬಂದಿತು ಅಂತ ಲೆಕ್ಕ. ಆರಿದ ಮೇಲೆ ಇನ್ನೂ ಗಟ್ಟಿಯಾಗುತ್ತದೆ, ಅದಕ್ಕೆ ಸ್ವಲ್ಪ ತೆಳ್ಳಗಿರುವಾಗಲೇ ಇಳಿಸಿ.

ಒಗ್ಗರಣೆಗೆ ಕುಸುಬಿ ಎಣ್ಣೆ ಸಿಕ್ಕರೆ ಬಿಡಬೇಡಿ, ಇಲ್ಲದಿದ್ದರೆ ಶೇಂಗಾ ಎಣ್ಣೆ. ಮೂರು ಚಮಚ ಕಾಯಿಸಿ, ಸಾಸಿವೆ, ಜೀರಿಗೆ, ಜಜ್ಜಿದ ಬೆಳ್ಳುಳ್ಳಿ ಹಾಕಿ. ಬೆಳ್ಳುಳ್ಳಿಯ ಅಂಚು ಕೆಂಪಗಾಗಿ ಘಮ ಅಂದಾಗ ಅರ್ಧವನ್ನು ಪಲ್ಯಕ್ಕೆ ಸುರಿಯಿರಿ. ಉಳಿದರ್ಧ ತಟ್ಟೆಯಲ್ಲಿ, ಪಲ್ಯದ ನಡುವೆ ಗುಳಿ ಮಾಡಿ ಅದರಲ್ಲಿ ಹಾಕಿಕೊಳ್ಳಲು. ಪಕ್ಕಕ್ಕೆ ಜೋಳದ ರೊಟ್ಟಿ, ಗುದ್ದಿ ಒಡೆದ ಹಸಿ ಉಳ್ಳಾಗಡ್ಡಿ, ಹಸಿಯಾಗಿ ತಿನ್ನುವ ಹಕ್ಕರಿಕಿ ಸೊಪ್ಪು ಸಿಕ್ಕರೆ ಅದೂ ಇರಲಿ. ರೊಟ್ಟಿ ಬಡಿಯಲು ಬರದವರು ಹಾಗೇ ಬಟ್ಟಲಲ್ಲಿ ಹಾಕಿಕೊಂಡು ಉಣ್ಣಿ, ನುಚ್ಚು ಇರುವುದರಿಂದ ಊಟ ಪೂರ್ತಿ ಆಗುತ್ತದೆ.

ಪುಂಡಿ ಸಿಗದ ದಿನ ರಾಜಗಿರಿ ಸೊಪ್ಪಿಗೆ ಹುಣಸೆಹುಳಿ ಹಾಕಿ ಇದೇ ಕ್ರಮದಲ್ಲಿ ಮಾಡಬಹುದು. ಹುಣಸೆಯೂ ಬೇಳೆ ಬೆಂದ ಮೇಲೇ. ಮಿಕ್ಕಿದ್ದನ್ನು ಫ್ರಿಜ್‌ನಲ್ಲಿಟ್ಟರೆ ಮರುದಿನ ರುಚಿ ಇನ್ನೂ ಕೂಡಿರುತ್ತದೆ. ಬಿಸಿ ಮಾಡುವಾಗ ಅರ್ಧ ಬಟ್ಟಲು ಬಿಸಿನೀರು ಬೆರೆಸಿ, ಬೆಳ್ಳುಳ್ಳಿ ಒಗ್ಗರಣೆಯನ್ನು ಹೊಸದಾಗಿ ಹಾಕಿಕೊಳ್ಳಿ.