ವಜಾ ಆದೇಶ ರದ್ದಾಗಿದ್ದು ಹೀಗೆ

ರಾಜ್ಯ ಸರ್ಕಾರಿ ನೌಕರಿಯಿಂದ ವಜಾ ಮಾಡಿದ ಆದೇಶ ಅಂಚೆಯಲ್ಲಿ ಬಂತು. ಗೈರುಹಾಜರಿಯ ಆರೋಪದ ಮೇಲೆ ಇಲಾಖಾ ವಿಚಾರಣೆ ನಡೆದಿತ್ತು, ಆದರೆ ವಿಚಾರಣಾಧಿಕಾರಿಯ ವರದಿಯ ಪ್ರತಿಯನ್ನು ನನಗೆ ಕೊಟ್ಟೇ ಇರಲಿಲ್ಲ.

ಮೇಲಧಿಕಾರಿಗಳಿಗೆ ಮನವಿ ಮೇಲೆ ಮನವಿ ಕೊಟ್ಟೆ, ಉತ್ತರವಿಲ್ಲ. (ಮನವಿ ಕೊಡುತ್ತಾ ಹೋದ ಮಾತ್ರಕ್ಕೆ ಕೇಸು ಹಾಕುವ ಕಾಲಮಿತಿ ಬೆಳೆಯುವುದಿಲ್ಲ.) ನೇರವಾಗಿ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಿದೆ. ಸುಪ್ರೀಂ ಕೋರ್ಟಿನ 1997ರ ಚಂದ್ರಕುಮಾರ್ ತೀರ್ಪಿನಂತೆ ಮೊದಲು ಸರ್ಕಾರಿ ನೌಕರರ ಸೇವಾ ವಿವಾದಗಳನ್ನು ನೋಡುವ ಆಡಳಿತ ನ್ಯಾಯಮಂಡಳಿಗೇ ಹೋಗಬೇಕು, ಹಾಗಾಗಿ ಅದು ನಿಲ್ಲಲಿಲ್ಲ.

ಕೊನೆಗೆ ಕೈಹಿಡಿದ ದಾರಿ ಇದು. ರಾಜ್ಯ ನೌಕರರ ಶಿಸ್ತುಕ್ರಮ, ಮೇಲ್ಮನವಿಗಳಿಗಿರುವ 1957ರ ಸಿಸಿಎ ನಿಯಮಗಳಡಿ ಮೇಲ್ಮನವಿ ಸಲ್ಲಿಸಿ, ಸ್ವೀಕೃತಿ ಸೀಲು ಬಿದ್ದ ಪ್ರತಿ ಇಟ್ಟುಕೊಂಡೆ. ಆರು ತಿಂಗಳಾದರೂ ಆದೇಶವಿಲ್ಲ. ಅಲ್ಲಿಂದ ಒಂದು ವರ್ಷದೊಳಗೆ, 1985ರ ಆಡಳಿತ ನ್ಯಾಯಮಂಡಳಿಗಳ ಕಾಯ್ದೆಯ ಸೆಕ್ಷನ್ 19ರಡಿ ಕೆಎಸ್‌ಎಟಿಗೆ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ) ಅರ್ಜಿ. ಆ ಸೀಲಿನ ದಿನಾಂಕವೇ ಇಡೀ ಲೆಕ್ಕಕ್ಕೆ ಆಧಾರ.

ಅರ್ಜಿಯಲ್ಲಿ ‘ವರದಿ ಕೊಟ್ಟಿಲ್ಲ’ ಎಂದಷ್ಟೇ ಬರೆದರೆ ಸಾಲದು. ಕೊಡದಿದ್ದರಿಂದ ಏನು ಹಾನಿಯಾಯಿತು ಎಂಬುದನ್ನು ಸುಪ್ರೀಂ ಕೋರ್ಟಿನ 1993ರ ಕರುಣಾಕರ್ ತೀರ್ಪು ಕೇಳುತ್ತದೆ. ವರದಿಯನ್ನೂ ಹಾಜರಿ ಪುಸ್ತಕದ ನಕಲನ್ನೂ ಆರ್‌ಟಿಐಯಲ್ಲಿ ಪಡೆದೆ. ನನ್ನ ಸಹಿ ಇದ್ದ ದಿನಗಳನ್ನೇ ವರದಿ ಗೈರುಹಾಜರಿ ಎಂದು ಎಣಿಸಿತ್ತು. ಆ ಪುಟಗಳನ್ನು ಒಂದರ ಪಕ್ಕ ಒಂದು ಲಗತ್ತಿಸಿದೆ.

ಆದೇಶ ರದ್ದಾಯಿತು. ವರದಿ ಕೊಡುವ ಹಂತದಿಂದ ವಿಚಾರಣೆ ಮುಂದುವರಿಸಲು ಇಲಾಖೆಗೆ ಅವಕಾಶ ಇದ್ದೇ ಇದೆ. ಲಿಖಿತ ಆಕ್ಷೇಪಣೆ ಮೊದಲೇ ಸಿದ್ಧವಿರಲಿ.