ಚೆಕ್ ಪ್ರಕರಣದಲ್ಲಿ ಶಿಕ್ಷೆಯಾದರೆ ಅಪೀಲು ಸಲ್ಲಿಸುವ ಬಗೆ

ಚೆಕ್ ಅಮಾನ್ಯವಾದ ಪ್ರಕರಣದಲ್ಲಿ ಕಾಸರಗೋಡಿನ ಅಥವಾ ಹೊಸದುರ್ಗದ ಮ್ಯಾಜಿಸ್ಟ್ರೇಟ್ ನ್ಯಾಯಾಲಯವು ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯಿದೆಯ 138ನೆಯ ಕಲಮಿನಡಿ ಶಿಕ್ಷೆ ವಿಧಿಸಿದರೆ, ಅಪೀಲು ಹೋಗಬೇಕಾದದ್ದು ಸೆಷನ್ಸ್ ನ್ಯಾಯಾಲಯಕ್ಕೆ, ಅಂದರೆ ಕಾಸರಗೋಡಿನ ವಿದ್ಯಾನಗರಕ್ಕೆ, ಎರ್ನಾಕುಳಂನ ಹೈಕೋರ್ಟಿಗಲ್ಲ. ‘ಕೋರ್ಟು ಏಳುವವರೆಗೆ ಸಜೆ (ಆ ದಿನದ ಕಲಾಪ ಮುಗಿಯುವವರೆಗೆ ಕೋರ್ಟಿನಲ್ಲೇ ಇರುವ ಶಿಕ್ಷೆ), ಜೊತೆಗೆ ಪರಿಹಾರ’ ಎಂಬ ತೀರ್ಪು ಕೇಳಿ ಜೈಲು ತಪ್ಪಿತೆಂದು ಸಮಾಧಾನಪಡುವವರಿದ್ದಾರೆ. ಪರಿಹಾರ ಕಟ್ಟದಿದ್ದರೆ ಇಂತಿಷ್ಟು ತಿಂಗಳು ಸಜೆ ಎಂಬ ಕೊನೆಯ ಸಾಲೇ ಮುಂದೆ ಕಾಡುವುದು. ತೀರ್ಪು ಇಂಗ್ಲಿಷಿನಲ್ಲೋ ಮಲಯಾಳದಲ್ಲೋ ಇರುವುದರಿಂದ ಆ ಸಾಲನ್ನು ವಕೀಲರಿಂದ ಕನ್ನಡದಲ್ಲಿ ಹೇಳಿಸಿಕೊಳ್ಳಿ.

ಜಾಮೀನಿನ ಮೇಲಿದ್ದವರು ಅಪೀಲು ಹೋಗುವುದಾಗಿ ತೀರ್ಪಿನ ದಿನವೇ ತಿಳಿಸಿದರೆ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 430ನೆಯ ಕಲಮಿನಡಿ ಅದೇ ಮ್ಯಾಜಿಸ್ಟ್ರೇಟರು ಶಿಕ್ಷೆಯನ್ನು ತಾತ್ಕಾಲಿಕವಾಗಿ ತಡೆಹಿಡಿಯಬಹುದು. ಅಪೀಲಿಗೆ 30 ದಿನಗಳ ಅವಧಿಯಿದೆ. ತೀರ್ಪಿನ ದೃಢೀಕೃತ ನಕಲಿನ ಮೇಲೆ ಅರ್ಜಿ ಕೊಟ್ಟ ದಿನ, ನಕಲು ಸಿದ್ಧವಾದ ದಿನ ಎರಡನ್ನೂ ನಮೂದಿಸಿದ ಮುದ್ರೆ ಇರುತ್ತದೆ. ನಕಲಿಗೆ ತಗಲಿದ ಆ ದಿನಗಳು ಲೆಕ್ಕಕ್ಕೆ ಬರುವುದಿಲ್ಲ. ಅವಧಿ ಮೀರಿದ್ದರೆ ವಿಳಂಬ ಮನ್ನಾ ಅರ್ಜಿಯನ್ನು ಪ್ರಮಾಣಪತ್ರದೊಂದಿಗೆ (ಅಫಿಡವಿಟ್) ಸೇರಿಸಬೇಕು.

ಅಪೀಲಿನ ಜೊತೆಯಲ್ಲೇ ಶಿಕ್ಷೆ ತಡೆಯ ಅರ್ಜಿ ಹಾಕಿ, ಹಣವನ್ನೂ ಹೊಂದಿಸಿಕೊಳ್ಳಿ. ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯಿದೆಗೆ 2018ರಲ್ಲಿ ಸೇರಿದ 148ನೆಯ ಕಲಮಿನಂತೆ ದಂಡ ಅಥವಾ ಪರಿಹಾರದ ಕನಿಷ್ಠ ಶೇ. 20ರಷ್ಟನ್ನು 60 ದಿನಗಳಲ್ಲಿ ಠೇವಣಿ ಇಡಲು ಆದೇಶಿಸಬಹುದು. ಬದಿಯಡ್ಕದ ಅಡಿಕೆ ವ್ಯಾಪಾರಿಯೊಬ್ಬರಿಗೆ 4 ಲಕ್ಷ ಪರಿಹಾರ ಕಟ್ಟುವ ಆದೇಶವಾಗಿದ್ದರೆ ಈ ಮೊತ್ತ 80,000 ರೂಪಾಯಿ. ಇದು ಕಡ್ಡಾಯ ನಿಯಮವಲ್ಲ, ವಿಶೇಷ ಕಾರಣಗಳಿದ್ದರೆ ವಿನಾಯಿತಿ ಕೊಡಬಹುದು ಎಂದು 2023ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಆ ಕಾರಣಗಳನ್ನು ಅರ್ಜಿಯಲ್ಲಿಯೇ ಬರೆದಿರಬೇಕು.

ಅಪೀಲಿನ ಜೀವ ಇರುವುದು ಆಧಾರಗಳಲ್ಲಿ. ಸಹಿ ಒಪ್ಪಿಕೊಂಡವರ ವಿರುದ್ಧ, ಚೆಕ್ ಕೊಟ್ಟದ್ದು ಸಾಲ ತೀರಿಸಲೆಂದೇ ಎಂಬ 139ನೆಯ ಕಲಮಿನ ಪೂರ್ವಭಾವನೆ ನಿಲ್ಲುತ್ತದೆ. ‘ಭದ್ರತೆಗೆ ಕೊಟ್ಟ ಖಾಲಿ ಚೆಕ್’ ಎಂಬ ಒಂದೇ ಮಾತು ಅದನ್ನು ಅಲ್ಲಾಡಿಸದು. ಆದರೆ ನಿಸ್ಸಂದೇಹ ಪುರಾವೆಯೂ ಬೇಕಿಲ್ಲ, ಸಂಭಾವ್ಯತೆ ತೋರಿದರೆ ಸಾಕು. ಫಿರ್ಯಾದಿಗೆ ಅಷ್ಟು ಹಣ ಕೊಡುವ ಶಕ್ತಿಯಿತ್ತೇ, ಪಾಟೀಸವಾಲಿನಲ್ಲಿ ಅವರು ಏನು ಒಪ್ಪಿದರು, ಚೆಕ್ ಮರಳಿದ ಮಾಹಿತಿ ಸಿಕ್ಕ 30 ದಿನಗಳೊಳಗೆ ನೋಟಿಸು ಹೋಗಿತ್ತೇ, ನೋಟಿಸಿನ 15 ದಿನ ಮುಗಿದ ಒಂದು ತಿಂಗಳೊಳಗೆ ದೂರು ದಾಖಲಾಯಿತೇ ಎಂಬುದನ್ನು ಕಡತದ ತಾರೀಕುಗಳೊಂದಿಗೆ ತಾಳೆ ನೋಡಿ. ಸಾಲ 20,000 ರೂಪಾಯಿಗಿಂತ ಹೆಚ್ಚಿನ ನಗದಿನಲ್ಲಿತ್ತು, ಹಾಗಾಗಿ ಅದು ಕಾನೂನುಬದ್ಧ ಸಾಲವಲ್ಲ ಎಂಬ ವಾದ ಕೇರಳ ಹೈಕೋರ್ಟಿನಲ್ಲಿ ಒಮ್ಮೆ ಗೆದ್ದಿತ್ತು. 2025ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಳ್ಳಿಹಾಕಿದೆ.

ಅಪೀಲು ಸೋತರೆ 90 ದಿನಗಳೊಳಗೆ ಹೈಕೋರ್ಟಿನಲ್ಲಿ ರಿವಿಜನ್ (ತೀರ್ಪಿನ ಪುನರ್‌ಪರಿಶೀಲನೆಯ ಅರ್ಜಿ) ಸಲ್ಲಿಸಬಹುದು, ಆದರೆ ಅಲ್ಲಿ ಸಾಕ್ಷ್ಯವನ್ನು ಸಾಮಾನ್ಯವಾಗಿ ಮತ್ತೆ ತೂಗುವುದಿಲ್ಲ. ಫಿರ್ಯಾದಿಯೊಡನೆ ರಾಜಿಯ ದಾರಿ ಮಾತ್ರ 147ನೆಯ ಕಲಮಿನಡಿ ಎಲ್ಲ ಹಂತದಲ್ಲೂ ತೆರೆದಿರುತ್ತದೆ; ಸೆಷನ್ಸ್ ಅಥವಾ ಹೈಕೋರ್ಟಿನಲ್ಲಿ ರಾಜಿಯಾದರೆ, 2025ರ ಅದೇ ತೀರ್ಪಿನ ಮಾರ್ಗಸೂಚಿಯಂತೆ, ಚೆಕ್ ಮೊತ್ತದ ಶೇ. 7.5ರಷ್ಟು ವೆಚ್ಚ ಕಟ್ಟಬೇಕಾಗುತ್ತದೆ.