ಅಂಗಳದಲ್ಲಿ ಕಳ್ಳ, ಕೈಯಲ್ಲಿ ದೊಣ್ಣೆ: ಎಷ್ಟು ಹೊಡೆದರೆ ತಪ್ಪಲ್ಲ?

ಅಡಿಕೆ ಕೊಯ್ಲು ಶುರುವಾಯಿತೆಂದರೆ ಮಲೆನಾಡಿನ ಮನೆಗಳಲ್ಲಿ ನಿದ್ದೆ ಕಡಿಮೆ. ಬೇಯಿಸಿದ ಅಡಿಕೆ ಅಂಗಳದ ತುಂಬ ಹರಡಿರುತ್ತದೆ. ರಾಶಿ ಅಡಿಕೆಗೆ ಕ್ವಿಂಟಾಲ್‌ಗೆ ಅರ್ಧ ಲಕ್ಷದ ಆಸುಪಾಸು ರೇಟು ಬಂದ ಮೇಲಂತೂ ಅಂಗಳ ಬಾಗಿಲಿಲ್ಲದ ತಿಜೋರಿ ಇದ್ದ ಹಾಗೆ. ರಾತ್ರಿ ಎರಡು ಗಂಟೆಗೆ ನಾಯಿ ಬೊಗಳುತ್ತದೆ. ಕರೆಂಟ್ ಇಲ್ಲ. ಪಕ್ಕದ ಮನೆ ಗುಡ್ಡದ ಆಚೆ. ಮೂಲೆಯಲ್ಲಿ ದೊಣ್ಣೆ ಇದೆ, ಕತ್ತಿ ಇದೆ, ಕೆಲವರ ಮನೆಯಲ್ಲಿ ಲೈಸನ್ಸ್ ಇರುವ ಕೋವಿಯೂ ಇದೆ.

ಈಗ ಏನು ಮಾಡಬಹುದು? 'ನಮ್ಮ ಜಾಗಕ್ಕೆ ಬಂದವನನ್ನು ಏನು ಮಾಡಿದರೂ ನಡೆಯುತ್ತದೆ' ಅನ್ನುವವರಿದ್ದಾರೆ. 'ಕಳ್ಳನಿಗೆ ಹೊಡೆದರೆ ಕೇಸು ನಮ್ಮ ಮೇಲೇ, ಸುಮ್ನೆ ಒಳಗಿರಿ' ಅನ್ನುವವರೂ ಇದ್ದಾರೆ. ಇಬ್ಬರೂ ಅರ್ಧ ಕೇಳಿಸಿಕೊಂಡವರು.

ವಿಷಯ ಇರುವುದು ಭಾರತೀಯ ನ್ಯಾಯ ಸಂಹಿತೆಯಲ್ಲಿ. 2024ರ ಜುಲೈ 1ರಿಂದ ಇದು ಜಾರಿಯಲ್ಲಿದೆ. ಅದರ 34ರಿಂದ 44ರವರೆಗಿನ ಸೆಕ್ಷನ್‌ಗಳು ಖಾಸಗಿ ರಕ್ಷಣೆಯ ಹಕ್ಕಿನ ಬಗ್ಗೆ, ಅಂದರೆ ಮೈ, ಆಸ್ತಿಯನ್ನು ನಾವೇ ಕಾಪಾಡಿಕೊಳ್ಳುವ ಹಕ್ಕಿನ ಬಗ್ಗೆ ಹೇಳುತ್ತವೆ. ಹಳೆಯ ಐಪಿಸಿಯಲ್ಲಿ ಇದೇ ಮಾತು 96ರಿಂದ 106ರಲ್ಲಿತ್ತು. ನಂಬರ್ ಬದಲಾಗಿದೆ, ಹೂರಣ ಹೆಚ್ಚುಕಡಿಮೆ ಅದೇ. ಈ ಹಕ್ಕಿನ ಮಿತಿಯೊಳಗೆ ಮಾಡಿದ್ದು ಅಪರಾಧವೇ ಅಲ್ಲ ಎನ್ನುತ್ತದೆ ಸೆಕ್ಷನ್ 34. ಎಲ್ಲ ಕಷ್ಟ ಇರುವುದು ಆ ಮಿತಿಯಲ್ಲಿ.

ಹೆಜ್ಜೆ 1: ಅಪಾಯ ಈಗ ಇದೆಯಾ?

ನನ್ನನ್ನು ಕೇಳಿದರೆ ಇಡೀ ಕಾನೂನಿನ ಕೀಲಿ ಇದೇ. ಅಪಾಯವಾಗುತ್ತದೆ ಎಂಬ ಭಯ, ಅದೂ ಕಾರಣವಿರುವ ಭಯ, ಹುಟ್ಟಿದ ಗಳಿಗೆಯಿಂದ ಹಕ್ಕು ಶುರು. ಆ ಭಯ ಇರುವಷ್ಟು ಹೊತ್ತು ಹಕ್ಕು ಇರುತ್ತದೆ. ಭಯ ಹೋಯಿತು, ಹಕ್ಕೂ ಹೋಯಿತು.

ಹಾಗಾಗಿ ಮೊದಲ ಏಟು ಬೀಳಲಿ ಎಂದು ಕಾಯಬೇಕಿಲ್ಲ. ಎದುರಿಗಿದ್ದವನು ಕತ್ತಿ ಎತ್ತಿದ್ದಾನೆ, ಅದು ಇಳಿಯುವ ತನಕ ನಿಂತರೆ ಆಮೇಲೆ ಹಕ್ಕು ಚಲಾಯಿಸಲು ನೀವೇ ಇರುವುದಿಲ್ಲ, ಅಲ್ವಾ? ಅವನು ಕುಡಿದಿದ್ದರೂ ತಲೆ ಕೆಟ್ಟವನಾಗಿದ್ದರೂ ನಿಮ್ಮ ಹಕ್ಕು ಅಷ್ಟೇ ಇರುತ್ತದೆ. ನಿಮ್ಮ ಮೈ ಮಾತ್ರ ಅಲ್ಲ, ಬೇರೆಯವರ ಮೈ ಕಾಪಾಡಲೂ ಈ ಹಕ್ಕು ಇದೆ. ದಾರಿಯಲ್ಲಿ ಗುರುತಿಲ್ಲದ ಹೆಣ್ಣುಮಗಳ ಮೇಲೆ ಯಾರಾದರೂ ಕೈ ಮಾಡಿದರೆ ನೀವು ಅಡ್ಡ ಹೋಗಬಹುದು.

ಬೈಗುಳಕ್ಕೆ ಮಾತ್ರ ಈ ಹಕ್ಕು ಇಲ್ಲ. 'ನಾಳೆ ಸಂತೇಲಿ ಸಿಗು, ನೋಡ್ಕೊಳ್ತೀನಿ' ಎಂದವನಿಗೆ ಇವತ್ತೇ ಹೊಡೆದರೆ ಅದು ಆತ್ಮರಕ್ಷಣೆಯಲ್ಲ. ಅವನ ಮೇಲೆ ದೂರು ಕೊಡಿ. ಜಗಳ ಶುರು ಮಾಡಿದವರಿಗೂ, ಎರಡೂ ಕಡೆಯವರು ಹೊಡೆದಾಟಕ್ಕೆಂದೇ ಸೇರಿದ್ದರೆ ಅವರಿಗೂ ಸಾಮಾನ್ಯವಾಗಿ ಈ ನೆಪ ಸಿಗುವುದಿಲ್ಲ.

ಹೆಜ್ಜೆ 2: ಪೊಲೀಸರನ್ನು ಕರೆಯಲು ಸಮಯ ಇತ್ತಾ?

ಸರ್ಕಾರದ ರಕ್ಷಣೆ ಪಡೆಯಲು ಸಮಯ ಇದ್ದಾಗ ಈ ಹಕ್ಕು ಇಲ್ಲ. ಸೆಕ್ಷನ್ 37ರ ಮಾತು ಇದು. ಪೇಟೆಯಲ್ಲಿ ಇದು ಸುಲಭ. ಆಗುಂಬೆ ಕಡೆಯ ಒಂಟಿ ಮನೆಯಲ್ಲಿ? ನೆಟ್‌ವರ್ಕ್ ಬೇಕಾದರೆ ಗುಡ್ಡ ಹತ್ತಬೇಕು. ಠಾಣೆಯಿಂದ ಜೀಪು ಬರುವಷ್ಟರಲ್ಲಿ ಬೆಳಗಾಗಬಹುದು. 'ಸಮಯ ಇತ್ತಾ' ಎಂಬುದನ್ನು ಆ ಜಾಗ, ಆ ಹೊತ್ತು ನೋಡಿಯೇ ತೀರ್ಮಾನಿಸಬೇಕು. ಆದರೂ ಸಿಗ್ನಲ್ ಒಂದು ಕಡ್ಡಿ ಇದ್ದರೂ 112ಕ್ಕೆ ಕರೆ ಮಾಡಿ. ಕರೆ ಸೇರದಿದ್ದರೂ ಮಾಡಿದ್ದು ಫೋನಿನಲ್ಲಿ ಉಳಿಯುತ್ತದೆ. ಮುಂದೆ ಅದು ನಿಮ್ಮ ಪರ ಸಾಕ್ಷಿ.

ಸಮಯ ಧಾರಾಳ ಇರುವ ಜಗಳ ಎಂದರೆ ಬೇಲಿ ಜಗಳ. ಪಕ್ಕದವನು ನಿಮ್ಮ ಜಾಗಕ್ಕೆ ಈಗಷ್ಟೇ ನುಗ್ಗಿ ಬೇಲಿ ಕೀಳುತ್ತಿದ್ದರೆ ತಡೆಯಬಹುದು. ಆದರೆ ಅವನು ಅಲ್ಲೇ ಸಸಿ ನೆಟ್ಟು, ವರ್ಷಗಟ್ಟಲೆ ನಿಮಗೆ ಗೊತ್ತಿದ್ದೇ ಬೇಸಾಯ ಮಾಡಿಕೊಂಡಿದ್ದರೆ ಕಥೆ ಬೇರೆ. ಹಾಗೆ ನೆಲೆಯಾಗಿ ಸ್ವಾಧೀನದಲ್ಲಿ ಇರುವವನನ್ನು ನಿಜವಾದ ಮಾಲೀಕನೂ ಬಲಪ್ರಯೋಗ ಮಾಡಿ ಎಬ್ಬಿಸುವಂತಿಲ್ಲ, ಕೋರ್ಟಿಗೇ ಹೋಗಬೇಕು ಎಂದು ಸುಪ್ರೀಂ ಕೋರ್ಟ್ ಒಂದಕ್ಕಿಂತ ಜಾಸ್ತಿ ಸಲ ಹೇಳಿದೆ. ಹತ್ತು ಜನ ಆಳು, ಹತ್ತು ಕತ್ತಿ ತೆಗೆದುಕೊಂಡು ಹೊರಡುವ ಮೊದಲು ಇದು ನೆನಪಿರಲಿ.

ಒತ್ತುವರಿ ತೆರವಿಗೆ ಬಂದ ಅಧಿಕಾರಿಗಳ ಮೇಲೂ ಕೈ ಎತ್ತುವಂತಿಲ್ಲ. ಅವರು ತಮ್ಮ ಹುದ್ದೆಯ ಕೆಲಸವೆಂದು ಪ್ರಾಮಾಣಿಕವಾಗಿ ನಂಬಿ ಮಾಡುತ್ತಿದ್ದರೆ, ಆ ಕೆಲಸದಲ್ಲಿ ಕಾನೂನಿನ ಸಣ್ಣ ತಪ್ಪಿದ್ದರೂ ನಿಮಗೆ ಈ ಹಕ್ಕು ಬರುವುದಿಲ್ಲ. ಪ್ರಾಣಕ್ಕೋ ತೀವ್ರ ಗಾಯಕ್ಕೋ ಸಂಚಕಾರ ಬಂದರೆ ಮಾತ್ರ ಬೇರೆ ಮಾತು.

ಹೆಜ್ಜೆ 3: ಹೋಗುತ್ತಿರುವುದು ಜೀವವೋ, ಮೂಟೆಯೋ?

ಈಗ ಆ ರಾತ್ರಿಯ ಅಂಗಳಕ್ಕೆ ವಾಪಸ್ ಬನ್ನಿ. ಟಾರ್ಚ್ ಹಾಕಿದ್ದೀರಿ. ಒಬ್ಬ ಚೀಲಕ್ಕೆ ಅಡಿಕೆ ತುಂಬುತ್ತಿದ್ದಾನೆ. ಕೈ ಖಾಲಿ. ಇದು ಕಳ್ಳತನ. ನೀವು ಕೂಗಬಹುದು, ತಳ್ಳಬಹುದು, ಚೀಲ ಕಿತ್ತುಕೊಳ್ಳಬಹುದು, ಬಿಡದಿದ್ದರೆ ಕೈ ಬಿಡಿಸಲು ಬೇಕಾದಷ್ಟು ಬಲ ಹಾಕಬಹುದು. ಪ್ರಾಣ ತೆಗೆಯುವಂತಿಲ್ಲ. ಎಷ್ಟೇ ಕ್ವಿಂಟಾಲ್ ಆಗಲಿ, ಬರೀ ಅಡಿಕೆಗೆ ಕೋವಿ ಹೊಡೆಯುವಂತಿಲ್ಲ.

ಅದೇ ಮನುಷ್ಯ ಸೊಂಟದಿಂದ ಕತ್ತಿ ಎಳೆದು ನಿಮ್ಮ ಕಡೆ ತಿರುಗಿದ. ಈಗ ಲೆಕ್ಕ ಬದಲಾಯಿತು. ಪ್ರಾಣ ಹೋಗುತ್ತದೆ ಅಥವಾ ತೀವ್ರ ಗಾಯವಾಗುತ್ತದೆ ಎಂಬ ನಿಜವಾದ ಭಯ ಇದ್ದಾಗ, ತಡೆಯುವ ಭರದಲ್ಲಿ ಎದುರಾಳಿ ಸತ್ತರೂ ಕಾನೂನು ನಿಮ್ಮ ಹಿಂದೆ ನಿಲ್ಲುತ್ತದೆ. ಸೆಕ್ಷನ್ 38 ಇಂಥ ಏಳು ಸಂದರ್ಭ ಹೇಳುತ್ತದೆ. ಈ ಎರಡರ ಜೊತೆಗೆ ಅತ್ಯಾಚಾರ, ಅಸಹಜ ಲೈಂಗಿಕ ಹಲ್ಲೆ, ಅಪಹರಣ, ಸಹಾಯಕ್ಕೆ ಯಾರನ್ನೂ ಕರೆಯಲಾಗದಂತೆ ಕೂಡಿಹಾಕುವುದು, ಆ್ಯಸಿಡ್ ದಾಳಿ. ಇವುಗಳ ಉದ್ದೇಶದಿಂದ ಮೇಲೆ ಬಿದ್ದವನಿಗೂ ಇದೇ ಅನ್ವಯ.

ಇನ್ನೊಬ್ಬ ಕಳ್ಳ ಅಂಗಳದಲ್ಲಿ ಇಲ್ಲ. ಮಾಡು ಹತ್ತಿ ಹಂಚು ಸರಿಸಿ ಒಳಗೆ ಇಳಿಯುತ್ತಿದ್ದಾನೆ. ಸೂರ್ಯ ಮುಳುಗಿದ ಮೇಲೆ, ಹುಟ್ಟುವ ಮೊದಲು ಹೀಗೆ ಕನ್ನ ಹಾಕುವುದನ್ನು ಸೆಕ್ಷನ್ 41 ದರೋಡೆಯ ಪಕ್ಕದಲ್ಲಿ ಇಟ್ಟಿದೆ. ಜನ ವಾಸಿಸುವ ಅಥವಾ ಸರಕು ಇಡುವ ಕಟ್ಟಡಕ್ಕೆ ಬೆಂಕಿ ಹಚ್ಚುವುದೂ ಅದೇ ಸಾಲಿನಲ್ಲಿದೆ. ಇಲ್ಲಿ ಹಕ್ಕು ಪ್ರಾಣ ತೆಗೆಯುವವರೆಗೂ ಹೋಗಬಹುದು. ಹೋಗಬಹುದು ಅಷ್ಟೇ, ಹೋಗಲೇಬೇಕು ಎಂದಲ್ಲ. 'ಬೇಕಾದಷ್ಟು ಮಾತ್ರ' ಎಂಬ ನಿಯಮ ಇಲ್ಲೂ ಕಾಯುತ್ತಿರುತ್ತದೆ. ಟಾರ್ಚ್ ಬೆಳಕಿಗೇ ಹೆದರಿ ಕೈ ಮುಗಿದವನಿಗೆ ಗುಂಡು ಹಾರಿಸಿದರೆ ಈ ಸೆಕ್ಷನ್ ಕಾಪಾಡುವುದಿಲ್ಲ.

ತಂತಿಗೆ ಕರೆಂಟ್ ಕೊಡುವವರಿಗೆ

ತೋಟದ ಸುತ್ತ ತಂತಿ ಎಳೆದು ನೇರ ಕರೆಂಟ್ ಕೊಡುವುದು ನಮ್ಮಲ್ಲಿ ಹೊಸದಲ್ಲ. ಹಂದಿಗೆ ಇಟ್ಟೆ ಎನ್ನುತ್ತಾರೆ. ಬಿಹಾರದಲ್ಲಿ ಒಬ್ಬ ತನ್ನ ಪಾಯಿಖಾನೆಗೆ ಪಕ್ಕದ ಮನೆಯವರು ಬರುತ್ತಾರೆಂದು ದಾರಿಗೆ ಬರಿಯ ತಾಮ್ರದ ತಂತಿ ಕಟ್ಟಿ ಕರೆಂಟ್ ಹರಿಸಿದ್ದ. ಪಕ್ಕದ ಮನೆಯ ಹೆಂಗಸು ಸತ್ತಳು. ನನ್ನ ಆಸ್ತಿ ಕಾಪಾಡಿಕೊಂಡೆ ಎಂಬ ವಾದವನ್ನು 1963ರಲ್ಲಿ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಅಪ್ಪಣೆಯಿಲ್ಲದೆ ಬಂದವನೂ ಕಾನೂನಿನ ರಕ್ಷಣೆಯಿಂದ ಹೊರಗಿನವನಲ್ಲ ಎಂಬುದು ಅದರ ನಿಲುವು. ತಂತಿಗೆ ಕಣ್ಣಿಲ್ಲ. ಕಳ್ಳ ಯಾರು, ಬೆಳಗ್ಗೆ ಸೊಪ್ಪಿಗೆ ಬಂದ ಪಕ್ಕದ ಮನೆ ಅಕ್ಕ ಯಾರು ಎಂದು ಅದಕ್ಕೆ ಗೊತ್ತಾಗುವುದಿಲ್ಲ. ತಟ್ಟೆಂದು ಶಾಕ್ ಕೊಟ್ಟು ಬಿಡುವ ಸೋಲಾರ್ ಬೇಲಿ ಬೇರೆ, ಇದು ಬೇರೆ.

ಪ್ರಾಣಿಗಳ ಮಾತು ಬಂತಲ್ಲ. ಕಾಡುಕೋಣವೋ ಆನೆಯೋ ಮೈಮೇಲೆ ಬಂದಾಗ ಜೀವ ಉಳಿಸಿಕೊಳ್ಳಲು ಹೊಡೆದರೆ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 11ನೇ ಸೆಕ್ಷನ್ ಪ್ರಕಾರ ಅಪರಾಧವಲ್ಲ. ಆದರೆ ಆ ಹೊತ್ತಿಗೆ ನೀವೇ ಶಿಕಾರಿಗೆ ಹೋಗಿದ್ದರೆ ಈ ರಿಯಾಯಿತಿ ಇಲ್ಲ. ಸತ್ತ ಪ್ರಾಣಿ ಸರ್ಕಾರದ್ದು. ಗದ್ದೆ ತಿನ್ನುತ್ತಿತ್ತು ಎಂಬುದು 'ಜೀವ ಉಳಿಸಿಕೊಂಡೆ' ಎಂಬ ಲೆಕ್ಕಕ್ಕೆ ಬರುವುದಿಲ್ಲ.

ಹೆಜ್ಜೆ 4: ಕೈ ನಿಲ್ಲಿಸುವುದು

ಹೆಚ್ಚಿನವರು ಎಡವುವುದು ಇಲ್ಲಿ. ಹೆದರಿಕೆ ಇದ್ದಷ್ಟು ಹೊತ್ತು ಜನ ಅಳತೆಯಲ್ಲಿಯೇ ಇರುತ್ತಾರೆ. ಹೆದರಿಕೆ ಇಳಿದು ಸಿಟ್ಟು ಏರುತ್ತದಲ್ಲ, ಆಗ ಕೆಡುತ್ತದೆ. ಕಳ್ಳ ಸಿಕ್ಕಿಬಿದ್ದ, ಕತ್ತಿ ಕೆಳಗೆ ಬಿತ್ತು, ಅಕ್ಕಪಕ್ಕದವರು ಬಂದರು. ಮರಕ್ಕೆ ಕಟ್ಟಿದರು. ಆಮೇಲೆ ಬೀಳುವ ಒಂದೊಂದು ಏಟೂ ಹಲ್ಲೆಯೇ. ಒಂದು ಹಲ್ಲು ಮುರಿದರೂ ಕಾನೂನಿನ ಲೆಕ್ಕದಲ್ಲಿ ಅದು ತೀವ್ರ ಗಾಯ. ಅದಕ್ಕೆ 7 ವರ್ಷದವರೆಗೆ ಶಿಕ್ಷೆ ಇದೆ. ಕಳ್ಳನ ಮೇಲಿನ ಕೇಸಿಗಿಂತ ನಿಮ್ಮ ಮೇಲಿನದ್ದೇ ದೊಡ್ಡದಾಗಬಹುದು.

ಹಿಡಿಯುವುದಕ್ಕೆ ದಾರಿ ಇದೆ. ಪೊಲೀಸರು ವಾರಂಟ್ ಇಲ್ಲದೆ ಹಿಡಿಯಬಹುದಾದ, ಜಾಮೀನುರಹಿತ ಅಪರಾಧವನ್ನು ನಿಮ್ಮ ಕಣ್ಣೆದುರೇ ಯಾರಾದರೂ ಮಾಡಿದರೆ ನೀವೇ ಅವನನ್ನು ಹಿಡಿಯಬಹುದು. ಆದರೆ ತಡ ಮಾಡದೆ, ಜಾಸ್ತಿ ಎಂದರೆ 6 ಗಂಟೆಯೊಳಗೆ, ಪೊಲೀಸರಿಗೆ ಒಪ್ಪಿಸಬೇಕು. ಊರಿಗೆಲ್ಲ ತೋರಿಸಿ, ವಿಡಿಯೊ ಮಾಡಿ, ಮಧ್ಯಾಹ್ನ ಕಳಿಸೋಣ ಎಂದರೆ ಆಗುವುದಿಲ್ಲ.

ಹಾಗೆಂದು ಕೋರ್ಟುಗಳು ಏಟನ್ನು ತಕ್ಕಡಿಯಲ್ಲಿ ತೂಗುತ್ತಾ ಕೂರುವುದಿಲ್ಲ. ಪ್ರಾಣಭಯದಲ್ಲಿ ಇರುವವನು ಚಿನ್ನದ ತಕ್ಕಡಿ ಹಿಡಿದು ಅಳೆದು ಹೊಡೆಯಲು ಸಾಧ್ಯವಿಲ್ಲ ಎಂಬುದನ್ನು ಸುಪ್ರೀಂ ಕೋರ್ಟ್ ಒಪ್ಪಿಕೊಂಡಿದೆ. ಪಂಜಾಬಿನ ಒಂದು ಪ್ರಕರಣದಲ್ಲಿ 2010ರಲ್ಲಿ ಕೊಟ್ಟ ತೀರ್ಪಿನಲ್ಲಿ ಈ ಹಕ್ಕಿನ ತತ್ವಗಳನ್ನೆಲ್ಲ ಒಂದೆಡೆ ಪಟ್ಟಿ ಮಾಡಿಯೂ ಕೊಟ್ಟಿದೆ. ಒಳ್ಳೆಯ ನಂಬಿಕೆಯಿಂದ, ಸೇಡಿಲ್ಲದೆ, ಮಿತಿ ಸ್ವಲ್ಪ ದಾಟಿ ಸಾವಾದರೆ ಅದು ಕೊಲೆಯಲ್ಲ, ಅದಕ್ಕಿಂತ ಕಡಿಮೆ ಅಪರಾಧ. ಬಿಡುಗಡೆ ಅಲ್ಲ, ಗೊತ್ತಿರಲಿ.

ಹೆಜ್ಜೆ 5: ಬೆಳಗಾಗುವುದರೊಳಗೆ

ಕಳ್ಳನಿಗೆ ಪೆಟ್ಟಾಗಿದ್ದರೆ ಮೊದಲು ಆಸ್ಪತ್ರೆಗೆ ಕಳಿಸಿ. ನಿಮಗಾದ ಗಾಯವನ್ನೂ ಡಾಕ್ಟರಿಗೆ ತೋರಿಸಿ ಬರೆಸಿ, ಎರಡು ದಿನ ಬಿಟ್ಟು ಹೋದರೆ ನಂಬುವವರು ಕಡಿಮೆ. ಅಂಗಳ ಗುಡಿಸಬೇಡಿ, ಸಗಣಿ ಸಾರಿಸಬೇಡಿ. ಸರಿದ ಹಂಚು, ಬಿದ್ದ ಕತ್ತಿ, ಅರ್ಧ ತುಂಬಿದ ಚೀಲ ಇದ್ದಲ್ಲೇ ಇರಲಿ. ಫೋಟೊ ತೆಗೆದುಕೊಳ್ಳಿ.

ಠಾಣೆಗೆ ನೀವೇ ಮೊದಲು ಹೋಗಿ. ದೂರು ದಾಖಲಾದ ಮೇಲೆ ಎಫ್‌ಐಆರ್ ಪ್ರತಿ ಉಚಿತವಾಗಿ ಕೊಡಬೇಕು, ಕೇಳಿ ಪಡೆಯಿರಿ. ಹೆದರಿ 'ನಾನು ಹೊಡೆದೇ ಇಲ್ಲ, ಅವನೇ ಜಾರಿ ಬಿದ್ದ' ಎಂದು ಕಥೆ ಕಟ್ಟುವವರು ಬಹಳ. ಆಮೇಲೆ ಕೋರ್ಟಿನಲ್ಲಿ 'ಜೀವ ಉಳಿಸಿಕೊಳ್ಳಲು ಹೊಡೆದೆ' ಎಂದರೆ ಎರಡು ಕಥೆ ಒಂದನ್ನೊಂದು ತಿಂದುಹಾಕುತ್ತವೆ. ಆತ್ಮರಕ್ಷಣೆ ಎಂದು ತೋರಿಸುವ ಹೊಣೆ ನಿಮ್ಮದೇ. ಆದರೆ ಸಂಶಯಕ್ಕೆ ಎಡೆಯಿಲ್ಲದಂತೆ ಸಾಬೀತು ಮಾಡಬೇಕಿಲ್ಲ. ಹೀಗೇ ಆಗಿರುವ ಸಂಭವ ಜಾಸ್ತಿ ಎಂದು ಕಂಡರೆ ಸಾಕು.

ವಕೀಲರಿಗೆ ದುಡ್ಡಿಲ್ಲ ಎನ್ನುವವರು ತಾಲ್ಲೂಕು ಕೋರ್ಟಿನ ಕಾನೂನು ಸೇವಾ ಸಮಿತಿಯಲ್ಲಿ ಕೇಳಿ, ಅಥವಾ 15100ಕ್ಕೆ ಫೋನ್ ಮಾಡಿ. ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಬಂಧನದಲ್ಲಿ ಇರುವವರಿಗೆ ಆದಾಯ ನೋಡದೆ ಉಚಿತ ವಕೀಲರು ಸಿಗುತ್ತಾರೆ. ಆ ಕೊನೆಯ ಪಟ್ಟಿಯಲ್ಲಿ ಅಂಗಳದ ಕಳ್ಳನೂ ಇದ್ದಾನೆ. ಅವನಿಗೂ ಒಬ್ಬ ವಕೀಲ ಸಿಗುತ್ತಾನೆ, ಮೈಮೇಲಿನ ಬಾಸುಂಡೆಗಳನ್ನು ಒಂದೊಂದಾಗಿ ಎಣಿಸುತ್ತಾನೆ.